ತಾಯಿ ಕಾರ್ಡಿನಲ್ಲಿ ಎರಡು ಸಾಲು ಹೆಚ್ಚಿಗೆ ಬರೆಯಿರಿ

ರಾಯಚೂರಿನ ಮನೆಯಲ್ಲಿ ಕುಳಿತು ಅಮೆರಿಕದ ಹೆರಿಗೆ ವಾರ್ಡುಗಳ ದಾಖಲೆ ಓದುವುದು ನನ್ನ ಹೊಟ್ಟೆಪಾಡು. ಮೆಡಿಕಲ್ ಕೋಡಿಂಗ್ ಎಂದರೆ ನೆಂಟರಿಗೆ ಅರ್ಥವಾಗುವುದಿಲ್ಲ. ಹುಡುಗಿ ಕಂಪ್ಯೂಟರ್ ಪ್ರೋಗ್ರಾಂ ಬರೆಯುತ್ತಾಳೆ ಎಂದುಕೊಂಡಿದ್ದಾರೆ, ನಾನೂ ತಿದ್ದಲು ಹೋಗಿಲ್ಲ. ಡಾಕ್ಟರ್ ಬರೆದ ಟಿಪ್ಪಣಿ ಓದಿ ಪ್ರತಿ ಕಾಯಿಲೆಗೂ ಐಸಿಡಿ-10 ಎಂಬ ಕಾಯಿಲೆಗಳ ಅಂತರರಾಷ್ಟ್ರೀಯ ಪಟ್ಟಿಯ ಕೋಡ್ ಹಾಕಬೇಕು, ಇಷ್ಟೇ ಕೆಲಸ. ಗರ್ಭಿಣಿ ಮತ್ತು ಬಾಣಂತಿಯರ ಕೋಡುಗಳೆಲ್ಲ 'ಓ' ಅಕ್ಷರದಿಂದ ಶುರುವಾಗುತ್ತವೆ. ಅವುಗಳಲ್ಲಿ ತಲೆ ತಿನ್ನುವ ಪುಟಗಳೆಂದರೆ ರಕ್ತ ಹರಿಯುವ ಮತ್ತು ರಕ್ತ ಹೆಪ್ಪುಗಟ್ಟುವ ತೊಂದರೆಗಳವು.

ಸುಮ್ಮನೆ 'ರಕ್ತಸ್ರಾವವಾಯಿತು' ಎಂದರೆ ಅಲ್ಲಿ ನಡೆಯುವುದಿಲ್ಲ. ಮೊದಲ ತಿಂಗಳುಗಳಲ್ಲಾದರೆ ಓ20. ಮಾಸು ಗರ್ಭಕೋಶದ ಬಾಯಿಗೆ ಅಡ್ಡ ಕುಳಿತಿದ್ದರೆ ಓ44, ಹೆರಿಗೆಗೆ ಮೊದಲೇ ಕಿತ್ತುಕೊಂಡಿದ್ದರೆ ಓ45. ನೋವಿನ ಹೊತ್ತಿನಲ್ಲಾದರೆ ಓ67, ಮಗು ಹುಟ್ಟಿದ ಮೇಲಾದರೆ ಓ72. ಇಲ್ಲಿಗೂ ಮುಗಿಯುವುದಿಲ್ಲ. ಮಾಸು ಒಳಗೇ ಉಳಿದುಕೊಂಡು ಆಯಿತೋ, ಗರ್ಭಕೋಶ ಬಿಗಿಯಾಗದೆ ಆಯಿತೋ, ಒಂದು ದಿನ ಕಳೆದ ಮೇಲೆ ಆಯಿತೋ, ರಕ್ತಕ್ಕೆ ಹೆಪ್ಪುಗಟ್ಟುವ ಶಕ್ತಿಯೇ ಹೋಗಿತ್ತೋ, ಒಂದೊಂದಕ್ಕೂ ಬೇರೆ ಅಂಕಿ. ಕೊನೆಯದಕ್ಕೆ ಓ72.3.

ಅಮೆರಿಕದವರು ಈ ಪಟ್ಟಿಯನ್ನು ಇನ್ನೂ ಉದ್ದ ಮಾಡಿಕೊಂಡಿದ್ದಾರೆ. ಅವರ ಓ45.023 ಎಂಬ ಒಂದೇ ಕೋಡ್ ಸಾಕು: ಮಾಸು ಮೊದಲೇ ಕಿತ್ತುಕೊಂಡಿದೆ, ಅದರ ಹಿಂದೆಯೇ ಮೈಯೆಲ್ಲ ರಕ್ತ ಹೆಪ್ಪುಗಟ್ಟುವ ವ್ಯವಸ್ಥೆ ಕೆಟ್ಟಿದೆ, ಇದೆಲ್ಲ ನಡೆದಿರುವುದು 28 ವಾರ ತುಂಬಿದ ಮೇಲೆ. ಇದೇ ಹೆಪ್ಪಿನ ತೊಂದರೆ ಬೇರೆಯವರಿಗೆ ಬಂದರೆ ಡಿ65 ಹಾಕುತ್ತೇವೆ. ಗರ್ಭಿಣಿಗೆ ಅದನ್ನು ಹಾಕಿದರೆ ತಪ್ಪು, ಫೈಲು ವಾಪಸ್ಸು ಬರುತ್ತದೆ.

ಕೋಡ್ ಹಾಕುವವರು ಊಹಿಸುವಂತಿಲ್ಲ ಎಂಬುದು ನಮ್ಮ ಕಸುಬಿನ ಮೊದಲ ಪಾಠ. ಲ್ಯಾಬ್ ವರದಿಯಲ್ಲಿ ಪ್ಲೇಟ್‌ಲೆಟ್ 90,000 ಎಂದು ಕಣ್ಣಿಗೆ ಹೊಡೆಯುವಂತೆ ಇದ್ದರೂ, ಪ್ಲೇಟ್‌ಲೆಟ್ ಕೊರತೆ ಇದೆ ಎಂದು ಡಾಕ್ಟರ್ ಬರೆಯುವವರೆಗೆ ನಾನು ಕೈ ಕಟ್ಟಿ ಕೂರಬೇಕು. ಅನುಮಾನವಿದ್ದರೆ ಲಿಖಿತವಾಗಿ ಪ್ರಶ್ನೆ ಕಳಿಸುತ್ತೇವೆ, ಡಾಕ್ಟರ್ ಉತ್ತರ ಕೊಡುತ್ತಾರೆ. ಇದನ್ನು ಓದಿ ಅಮೆರಿಕದವರ ಮಾನವೀಯತೆಗೆ ಕೈ ಮುಗಿಯಬೇಡಿ. ಕೋಡ್ ಸರಿ ಇಲ್ಲದಿದ್ದರೆ ಇನ್ಶೂರೆನ್ಸ್ ಕಂಪನಿ ದುಡ್ಡು ಬಿಚ್ಚುವುದಿಲ್ಲ. ಆದರೆ ದುಡ್ಡಿನ ಆಸೆಗೆ ಬರೆದದ್ದಾದರೂ ಬರೆದದ್ದು ಉಳಿಯುತ್ತದೆ. ಮುಂದಿನ ಬಸುರಿನಲ್ಲಿ ಅವಳನ್ನು ನೋಡುವ ಡಾಕ್ಟರ್ ಕೈಗೆ ಅದು ಸಿಗುತ್ತದೆ.

ಈಗ ನಮ್ಮ ಕಡೆಗೆ ಬನ್ನಿ. ನಮ್ಮ ಬಂಧು ಬಳಗದ ಹೆಣ್ಣುಮಕ್ಕಳು ಹೆರಿಗೆಯಾಗಿ ಬಂದಾಗ ಡಿಸ್ಚಾರ್ಜ್ ಚೀಟಿ ಇಸಿದುಕೊಂಡು ಓದುವ ಚಟ ನನಗಿದೆ. ಸಿಂಧನೂರು ಕಡೆಯ ಒಬ್ಬ ಅಕ್ಕನ ಚೀಟಿಯಲ್ಲಿ ಇದ್ದದ್ದು ಹೀಗೆ: ಸಿಸೇರಿಯನ್, ಪಿಪಿಎಚ್ (ಹೆರಿಗೆಯ ನಂತರದ ರಕ್ತಸ್ರಾವ), ಎರಡು ಬಾಟಲಿ ರಕ್ತ, ಸ್ಥಿತಿ ಉತ್ತಮ. ಯಾಕೆ ರಕ್ತ ಹೋಯಿತು, ಎಷ್ಟು ಹೋಯಿತು, ಏನು ಮಾಡಿದ ಮೇಲೆ ನಿಂತಿತು, ಒಂದೂ ಇಲ್ಲ. ಅಕ್ಕನನ್ನು ಕೇಳಿದರೆ "ಬಹಳ ಹೋಯಿತಂತೆ, ನನಗೆ ಎಚ್ಚರವಿರಲಿಲ್ಲ" ಎಂದಳು. ಎರಡನೆಯ ಹೆರಿಗೆಗೆ ಅವಳು ಬೇರೆ ಆಸ್ಪತ್ರೆಗೆ ಹೋದರೆ ಅಲ್ಲಿಯವರಿಗೆ ಸಿಗುವ ಇತಿಹಾಸ ಈ 'ಬಹಳ' ಒಂದೇ.

ಆಯುಷ್ಮಾನ್ ಭಾರತ್–ಆರೋಗ್ಯ ಕರ್ನಾಟಕದಲ್ಲಿ ಕೋಡ್ ಇದೆಯಲ್ಲ ಎನ್ನುತ್ತೀರಿ. ಇದೆ, ಆದರೆ ಅದು ಪ್ಯಾಕೇಜಿನ ಕೋಡ್. ಏನು ಚಿಕಿತ್ಸೆ ಕೊಟ್ಟರು, ಎಷ್ಟು ಹಣ ಬರಬೇಕು ಎಂಬುದಕ್ಕೆ ಅದು ಸಾಕು. ಅವಳ ಮೈಗೆ ಏನಾಯಿತು ಎಂದು ತಿಳಿಯಲು ಸಾಲದು.

ರಕ್ತ ಹೋದದ್ದಾದರೂ ಕಣ್ಣಿಗೆ ಕಾಣುತ್ತದೆ. ಹೆಪ್ಪುಗಟ್ಟಿದ್ದು ಕಾಣುವುದಿಲ್ಲ, ನನ್ನ ಹೆಚ್ಚಿನ ಸಿಟ್ಟು ಅಲ್ಲಿದೆ. ಹೆರಿಗೆಯಲ್ಲಿ ರಕ್ತ ಹೆಚ್ಚು ಹೋಗದಿರಲಿ ಎಂದು ಬಸುರಿನಲ್ಲಿ ದೇಹವೇ ರಕ್ತವನ್ನು ಬೇಗ ಹೆಪ್ಪುಗಟ್ಟುವಂತೆ ಮಾಡಿಕೊಳ್ಳುತ್ತದೆ. ಹೆರಿಗೆಯಾದ ಮೇಲೂ ಕೆಲವು ವಾರ ಆ ಗುಣ ಹೋಗುವುದಿಲ್ಲ. ಅದೇ ಹೊತ್ತಿಗೆ ನಾವು ಬಾಣಂತಿಯನ್ನು ಕಿಟಕಿ ಮುಚ್ಚಿದ ಕೋಣೆಗೆ ಸೇರಿಸುತ್ತೇವೆ, ಹೊರಸಿನ ಕೆಳಗೆ ಅಗ್ಗಿಷ್ಟಿಕೆ ಇಡುತ್ತೇವೆ, ನೀರು ಹೆಚ್ಚು ಕುಡಿದರೆ ಹೊಟ್ಟೆ ಬರುತ್ತದೆ ಎಂದು ಲೋಟ ಕಸಿದುಕೊಳ್ಳುತ್ತೇವೆ. ಅದೂ ರಾಯಚೂರಿನ ಏಪ್ರಿಲ್‌ನಲ್ಲಿ! ದೇಹದ ನೀರು ಆರಿದರೆ ಮಿದುಳಿನ ರಕ್ತನಾಳದಲ್ಲಿ ಹೆಪ್ಪು ಕಟ್ಟುವ ಅಪಾಯ ಏರುತ್ತದೆ. ತಡೆಯಲಾರದ ತಲೆನೋವು, ವಾಂತಿ, ಫಿಟ್ಸ್. ಮನೆಯವರು ಬಾಣಂತಿ ಸನ್ನಿ ಎಂದು ಅಂತ್ರ ಕಟ್ಟಿಸುತ್ತಾರೆ. ಐಸಿಡಿಯಲ್ಲಿ ಇದಕ್ಕೆ ಓ87.3 ಎಂದು ಸ್ವಂತ ಜಾಗವೇ ಇದೆ. ಕಾಲಿನ ಒಳರಕ್ತನಾಳದಲ್ಲಾದರೆ ಓ87.1, ಹೆಪ್ಪು ಶ್ವಾಸಕೋಶಕ್ಕೆ ಹೋಗಿ ಸಿಕ್ಕಿಕೊಂಡರೆ ಓ88.2.

ಪುಣ್ಯಕ್ಕೆ ಆಸ್ಪತ್ರೆ ಸೇರಿ ಬದುಕಿ ಬಂದಳು ಎನ್ನಿ. ಚೀಟಿಯಲ್ಲಿ 'ಫಿಟ್ಸ್, ಗುಣವಾಗಿದೆ' ಎಂದಷ್ಟೇ ಇದ್ದರೆ ಏನಾಗುತ್ತದೆ? ಕೆಲವು ತಿಂಗಳಾದ ಮೇಲೆ ಇನ್ನೊಂದು ಮಗು ಈಗಲೇ ಬೇಡ ಎಂದು ಅವಳು ಕೇಳುತ್ತಾಳೆ, ಕೈಗೆ ಮಾಲಾ-ಎನ್ ಗುಳಿಗೆ ಬರುತ್ತದೆ. ಅದರಲ್ಲಿ ರಕ್ತ ಹೆಪ್ಪುಗಟ್ಟುವ ಅಪಾಯ ಹೆಚ್ಚಿಸುವ ಈಸ್ಟ್ರೋಜೆನ್ ಹಾರ್ಮೋನು ಇದೆ. ಹಿಂದೆ ಹೆಪ್ಪು ಕಟ್ಟಿದವರು ಅದನ್ನು ನುಂಗಬಾರದು. ಆಶಾ ಕಾರ್ಯಕರ್ತೆಯನ್ನು ಬೈಯುವುದು ಸುಲಭ, ಆದರೆ ಚೀಟಿಯಲ್ಲಿ ಇಲ್ಲದ್ದನ್ನು ಅವರು ಹೇಗೆ ಓದಬೇಕು? ಮುಂದಿನ ಬಸುರಿನಲ್ಲಿ ಹೆಪ್ಪುಗಟ್ಟದಂತೆ ತಡೆಯುವ ಹೆಪಾರಿನ್ ಇಂಜೆಕ್ಷನ್ ಬೇಕೇ ಎಂಬ ಪ್ರಶ್ನೆಯೂ ಹಿಂದೆ ಹೆಪ್ಪು ಕಟ್ಟಿತ್ತು ಎಂದು ಗೊತ್ತಿದ್ದರೆ ಮಾತ್ರ ಏಳುತ್ತದೆ.

ಸತ್ತವರ ಕಾಗದ ಇನ್ನೂ ಕೆಟ್ಟದಾಗಿರುತ್ತದೆ. ಆಸ್ಪತ್ರೆಯಲ್ಲಿ ಸತ್ತರೆ ಕಾರಣ ಬರೆಯಲು ನಮೂನೆ 4 ಇದೆ. ಅದರಲ್ಲಿ 'ಹೃದಯ ಸ್ತಂಭನ' ಎಂದು ಬರೆದು ಕೈ ತೊಳೆದುಕೊಂಡರೆ ಏನು ಬಂತು? ಸತ್ತವರೆಲ್ಲರ ಹೃದಯವೂ ನಿಂತಿರುತ್ತದೆ. 2024ರ ನವೆಂಬರ್‌ನಲ್ಲಿ ಪಕ್ಕದ ಬಳ್ಳಾರಿಯಲ್ಲಿ ಬಾಣಂತಿಯರು ಒಬ್ಬರ ಹಿಂದೆ ಒಬ್ಬರು ತೀರಿಕೊಂಡಾಗ ರಾಜ್ಯವೆಲ್ಲ ಕಾರಣ ಕೇಳಿತು. ಒಬ್ಬೊಬ್ಬರಾಗಿ ಸತ್ತಾಗ ಕೇಳುವವರಿಲ್ಲ.

ಡಾಕ್ಟರುಗಳ ಉತ್ತರ ನನಗೆ ಗೊತ್ತು. ಒಂದು ರಾತ್ರಿಗೆ ಇಷ್ಟೊಂದು ಹೆರಿಗೆ, ಬರೆಯಲು ಹೊತ್ತೆಲ್ಲಿ? ಒಪ್ಪುತ್ತೇನೆ. ದೇವದುರ್ಗ, ಮಾನ್ವಿ, ಲಿಂಗಸುಗೂರಿನಿಂದ 108ರಲ್ಲಿ ಬಂದವರನ್ನೆಲ್ಲ ನೋಡುವ ಕೈಗಳು ಕಡಿಮೆಯೇ. ಆರು ಅಂಕಿಯ ಕೋಡ್ ಹಾಕಿ ಎಂದು ಅವರನ್ನು ನಾನು ಕೇಳುತ್ತಿಲ್ಲ. ಅದಕ್ಕೆ ನಮ್ಮಂಥವರನ್ನು ಇಟ್ಟುಕೊಳ್ಳಲಿ. ಈ ಜಿಲ್ಲೆಯಲ್ಲಿ ಕೋಡಿಂಗ್ ಕಲಿತವರು ಹೈದರಾಬಾದಿನ ಕಂಪನಿಗಳ ಬಾಗಿಲು ಕಾಯುತ್ತಿದ್ದಾರೆ, ಪ್ರತಿ ತಾಲ್ಲೂಕು ಆಸ್ಪತ್ರೆಗೂ ಒಬ್ಬರನ್ನು ಹಾಕಬಹುದು. ಡಾಕ್ಟರ್ ಬರೆಯಬೇಕಾದದ್ದು ಎರಡು ಸಾಲು, ಕನ್ನಡದಲ್ಲಾದರೂ ಸರಿ: ರಕ್ತ ಯಾವಾಗ, ಯಾಕೆ, ಸುಮಾರು ಎಷ್ಟು ಹೋಯಿತು, ಹೆಪ್ಪು ಕಟ್ಟಿದ್ದರೆ ಎಲ್ಲಿ, ಯಾವ ಔಷಧಿ, ಎಲ್ಲಿಯವರೆಗೆ.

ನಿಮ್ಮ ಮನೆಯ ಬಾಣಂತಿ ಡಿಸ್ಚಾರ್ಜ್ ಆಗುವ ದಿನ ಈ ಎರಡು ಸಾಲನ್ನು ತಾಯಿ ಕಾರ್ಡಿನಲ್ಲಿ ಕೇಳಿ ಬರೆಸಿಕೊಳ್ಳಿ. ಆಟೋ ಹತ್ತುವ ಮೊದಲೇ ಮೊಬೈಲಿನಲ್ಲಿ ಅದರ ಫೋಟೊ ತೆಗೆಯಿರಿ, ಒಂದು ಪ್ರತಿ ತವರಿಗೂ ಕಳಿಸಿ. ಬಾಣಂತನ ನಡೆಯುವುದು ತವರಿನಲ್ಲಿ, ಕಾರ್ಡು ಮಾತ್ರ ಗಂಡನ ಮನೆಯ ಟ್ರಂಕಿನಲ್ಲಿ ಇರುತ್ತದೆ.