ಫಾರ್ಮಸಿ ಆ್ಯಪು, ಇನ್ಶೂರೆನ್ಸ್ ಕಾರ್ಡು ಮತ್ತು ಮನೆಗೊಬ್ಬ ಗುಮಾಸ್ತ

ಜನವರಿ ಬಂತೆಂದರೆ ಅಮೆರಿಕದಲ್ಲಿರುವ ನಮ್ಮ ಕನ್ನಡದ ವಾಟ್ಸಾಪ್ ಗುಂಪುಗಳಲ್ಲಿ ಎಳ್ಳುಬೆಲ್ಲದ ಫೋಟೊಗಳ ನಡುವೆ ಒಂದು ಪ್ರಶ್ನೆ ತಪ್ಪದೆ ಬರುತ್ತದೆ. "ಡಿಸೆಂಬರ್‌ನಲ್ಲಿ ಕಮ್ಮಿ ಇದ್ದ ಮಾತ್ರೆಗೆ ಈಗ ಇಷ್ಟೊಂದು ದುಡ್ಡು ತೋರಿಸ್ತಿದೆ, ಆ್ಯಪ್ ಏನಾದ್ರೂ ಕೆಟ್ಟಿದೆಯಾ?" ಫಾರ್ಮಸಿಯ ಆ್ಯಪ್ ಕೆಟ್ಟಿರುವುದಿಲ್ಲ. ವರ್ಷ ಬದಲಾದಾಗ ಇನ್ಶೂರೆನ್ಸ್ ಕಾರ್ಡು ಬದಲಾಗಿರಬಹುದು, ಇಲ್ಲವೇ ಡಿಡಕ್ಟಿಬಲ್, ಅಂದರೆ ಇನ್ಶೂರೆನ್ಸ್ ದುಡ್ಡು ಕೊಡಲು ಶುರುಮಾಡುವ ಮೊದಲು ನಾವೇ ಕೈಯಿಂದ ಕೊಡಬೇಕಾದ ಮೊತ್ತ, ಮತ್ತೆ ಸೊನ್ನೆಯಿಂದ ಶುರುವಾಗಿರಬಹುದು. ಆ್ಯಪ್ ಅದನ್ನು ಬಾಯಿ ಬಿಟ್ಟು ಹೇಳುವುದಿಲ್ಲ, ಅಷ್ಟೇ. ನನ್ನ ತಕರಾರು ಇರುವುದೂ ಅಲ್ಲೇ.

ಊರಿನಲ್ಲಿರುವ ಗೆಳೆಯರಿಗೆ ಇದು ವಿಚಿತ್ರ ಅನ್ನಿಸಬಹುದು. ನಮ್ಮಲ್ಲಿ ಮೆಡಿಕಲ್ ಶಾಪ್‌ಗೆ ಹೋಗಿ ಚೀಟಿ ತೋರಿಸುತ್ತೇವೆ. ಸ್ಟ್ರಿಪ್ ಹಿಂದೆ ಎಂಆರ್‌ಪಿ ಅಚ್ಚಾಗಿರುತ್ತದೆ. ಸ್ವಲ್ಪ ಡಿಸ್ಕೌಂಟ್ ಕೇಳಿ, ಫೋನ್‌ಪೇ ಮಾಡಿ ಬರುತ್ತೇವೆ. ಇನ್ಶೂರೆನ್ಸ್ ನೆನಪಾಗುವುದು ಆಸ್ಪತ್ರೆಗೆ ಅಡ್ಮಿಟ್ ಆದಾಗ. ಇಲ್ಲಿ ಮಾತ್ರೆ ಡಬ್ಬಿಯ ಮೇಲೆ ಬೆಲೆಯೇ ಇರುವುದಿಲ್ಲ. ಫಾರ್ಮಸಿಯವರು ನಿಮ್ಮ ಇನ್ಶೂರೆನ್ಸ್ ಕಾರ್ಡಿನ ನಂಬರುಗಳನ್ನು ಹಾಕಿ ಕ್ಲೇಮ್ ಕಳಿಸುತ್ತಾರೆ. ಕೆಲವೇ ಸೆಕೆಂಡಿನಲ್ಲಿ ಆ ಕಡೆಯಿಂದ ಉತ್ತರ ಬರುತ್ತದೆ: ಇವರು ಇಷ್ಟು ಕೊಡಬೇಕು. ಆ ಉತ್ತರ ಕೊಡುವವರು ಇನ್ಶೂರೆನ್ಸ್ ಪರವಾಗಿ ಔಷಧಿಯ ಲೆಕ್ಕ ನೋಡಿಕೊಳ್ಳುವ ಪಿಬಿಎಂ (ಫಾರ್ಮಸಿ ಬೆನಿಫಿಟ್ ಮ್ಯಾನೇಜರ್) ಎಂಬ ಮಧ್ಯವರ್ತಿಗಳು. ಸಿವಿಎಸ್ ಕೇರ್‌ಮಾರ್ಕ್, ಎಕ್ಸ್‌ಪ್ರೆಸ್ ಸ್ಕ್ರಿಪ್ಟ್ಸ್, ಆಪ್ಟಮ್ ಆರ್‌ಎಕ್ಸ್ ಈ ಮೂರು ಕಂಪನಿಗಳ ಕೈಯಲ್ಲೇ 2023ರಲ್ಲಿ ದೇಶದ ಸುಮಾರು ಶೇ. 80ರಷ್ಟು ಪ್ರಿಸ್ಕ್ರಿಪ್ಷನ್‌ಗಳು ಹಾದುಹೋದವು ಎಂದು ವ್ಯಾಪಾರದ ಮೇಲೆ ಕಣ್ಣಿಡುವ ಸರ್ಕಾರಿ ಸಂಸ್ಥೆ ಫೆಡರಲ್ ಟ್ರೇಡ್ ಕಮಿಷನ್ 2024ರ ವರದಿಯಲ್ಲಿ ಹೇಳಿದೆ.

ಕ್ಲೇಮ್ ಸರಿಯಾದ ಮನೆ ಸೇರಬೇಕಾದರೆ ವಿಳಾಸ ಬೇಕು. ಆ ವಿಳಾಸವೇ ಕಾರ್ಡಿನ ಮೇಲಿರುವ ಆರ್‌ಎಕ್ಸ್ ಬಿನ್, ಪಿಸಿಎನ್, ಆರ್‌ಎಕ್ಸ್ ಗ್ರೂಪ್, ಮೆಂಬರ್ ಐಡಿ. ಬಿನ್ ಆರು ಅಂಕಿಯ ನಂಬರು. ಇವುಗಳಲ್ಲಿ ಒಂದು ತಪ್ಪಿದರೂ ಕ್ಲೇಮ್ ವಾಪಸ್ಸು ಬರಬಹುದು.

ಈಗ ಆ್ಯಪ್ ಏನು ಮಾಡುತ್ತದೆ ನೋಡಿ. ಕಾರ್ಡಿನ ಎರಡೂ ಬದಿಯ ಫೋಟೊ ತೆಗೆಯಿರಿ ಅನ್ನುತ್ತದೆ. ತೆಗೆದು ಹಾಕಿದರೆ ಒಂದು ಹಸಿರು ಗುರುತು ತೋರಿಸಿ ಸೇವ್ ಆಯಿತು ಅನ್ನುತ್ತದೆ. ನಾವು ಕೆಲಸ ಮುಗಿಯಿತು ಅಂದುಕೊಳ್ಳುತ್ತೇವೆ. ಆದರೆ ಆ ಹಸಿರು ಗುರುತಿಗೆ ಫೋಟೊ ಬಂದು ಸೇರಿತು ಅನ್ನುವುದಕ್ಕಿಂತ ಜಾಸ್ತಿ ಅರ್ಥವಿಲ್ಲ. ಇನ್ಶೂರೆನ್ಸ್ ಕಂಪನಿ ಅದನ್ನು ಒಪ್ಪಿತೋ ಇಲ್ಲವೋ ಗೊತ್ತಾಗುವುದು ಮುಂದಿನ ಬಿಲ್ ಆದಾಗ. ಈಗಾಗಲೇ ರೆಡಿಯಾಗಿ ಕೌಂಟರ್ ಹಿಂದೆ ಕಾಯುತ್ತಿರುವ ಔಷಧಿ ಹಳೇ ಕಾರ್ಡಿಗೇ ಬಿಲ್ ಆಗಿರುತ್ತದೆ. ಹೊಸ ಕಾರ್ಡಿಗೆ ಮತ್ತೆ ಬಿಲ್ ಮಾಡಿ ಅಂತ ನೀವೇ ಬಾಯಿಬಿಟ್ಟು ಕೇಳಬೇಕು.

ಇನ್ನೂ ಒಂದಿದೆ. ಕೆಲವು ಆಫೀಸುಗಳಲ್ಲಿ ಕೆಲಸದವರಿಗೆ ಡಾಕ್ಟರ ಖರ್ಚಿಗೆ ಒಂದು ಇನ್ಶೂರೆನ್ಸ್, ಔಷಧಿಗೆ ಇನ್ನೊಂದು. ಕಾರ್ಡೂ ಎರಡು. ಪರ್ಸಿನಲ್ಲಿ ಮೊದಲು ಕೈಗೆ ಸಿಗುವುದು ಡಾಕ್ಟರ ಹತ್ತಿರ ತೋರಿಸುವ ಕಾರ್ಡು. ಅದರಲ್ಲಿ ಬಿನ್ ಇರುವುದೇ ಇಲ್ಲ. ಆದರೂ ಫೋಟೊ ಹಾಕಿದರೆ ಆ್ಯಪ್ ಸುಮ್ನೆ ತೆಗೆದುಕೊಂಡುಬಿಡುತ್ತದೆ! ಇದರಲ್ಲಿ ಬಿನ್ ಕಾಣುತ್ತಿಲ್ಲ, ಬೇರೆ ಕಾರ್ಡು ಇದೆಯಾ ನೋಡಿ ಅಂತ ಒಂದು ಸಾಲು ಬರೆದು ತೋರಿಸಲು ಎಷ್ಟು ಕಷ್ಟ?

ಹೆಸರಿನ ವಿಷಯಕ್ಕೆ ಬಂದರಂತೂ ನಮ್ಮವರ ಪಾಡು ಕೇಳುವುದೇ ಬೇಡ. ಊರಿನ ಹೆಸರು, ಅಪ್ಪನ ಹೆಸರು ಇನಿಷಿಯಲ್ ಆಗಿ ಮುಂದೆ ಕೂತಿರುತ್ತವೆ. ಪಾಸ್‌ಪೋರ್ಟ್ ಮಾಡಿಸುವಾಗ ಅವುಗಳನ್ನು ಬಿಡಿಸಿ ಬರೆಸಿರುತ್ತೇವೆ. ಪಾಸ್‌ಪೋರ್ಟಿನಲ್ಲಿ ಒಂದೇ ಹೆಸರಿದ್ದವರಿಗೆ ಅಮೆರಿಕದ ವೀಸಾದಲ್ಲಿ ಎಫ್‌ಎನ್‌ಯು ಅಂತ ಸೇರುತ್ತದೆ. ಮೊದಲ ಹೆಸರು ಗೊತ್ತಿಲ್ಲ ಅಂತ ಅದರ ಅರ್ಥ. ಆಫೀಸಿನ ಎಚ್‌ಆರ್ ಒಂದು ಥರ ಬರೆದುಕೊಂಡರು, ಇನ್ಶೂರೆನ್ಸಿನವರು ಇನ್ನೊಂದು ಥರ, ಫಾರ್ಮಸಿಯಲ್ಲಿ ಮಗುವಿಗೆ ಜ್ವರ ಬಂದ ರಾತ್ರಿ ಅವಸರದಲ್ಲಿ ಮತ್ತೊಂದು ಥರ. ಒಬ್ಬರೇ ಮನುಷ್ಯರು, ಮೂರು ಹೆಸರು. ಕಂಪ್ಯೂಟರಿಗೆ ಮೂರು ಜನ. ಜೊತೆಗೆ ತಿಂಗಳು ಮೊದಲು, ದಿನ ಆಮೇಲೆ ಬರೆಯುವ ಇಲ್ಲಿಯ ಪದ್ಧತಿ. ಜುಲೈ 3ರಂದು ಹುಟ್ಟಿದವರು ಊರಿನ ಅಭ್ಯಾಸದಲ್ಲಿ 03/07 ಅಂತ ಹಾಕಿದರೆ ಮಾರ್ಚ್ 7ರಂದು ಹುಟ್ಟಿದವರಾಗುತ್ತಾರೆ. ಅಂಕಿಗಳು ಎರಡೂ ಥರ ಹೊಂದುವುದರಿಂದ ಆ್ಯಪ್ ತಪ್ಪು ಅನ್ನುವುದೂ ಇಲ್ಲ. ಹಿರಿಯರಿಗಾದರೆ ಶಾಲೆಗೆ ಸೇರಿಸುವಾಗ ಮೇಷ್ಟ್ರು ಬರೆದ ಜನ್ಮದಿನ ಬೇರೆ, ಮನೆಯಲ್ಲಿ ಪಾಯಸ ಮಾಡುವ ದಿನ ಬೇರೆ. ಇಲ್ಲಿ ಪಾಸ್‌ಪೋರ್ಟಿನ ದಿನವನ್ನೇ ಎಲ್ಲ ಕಡೆ ಹಾಕಿ.

ಗಂಡ ಹೆಂಡತಿ ಇಬ್ಬರೂ ಕೆಲಸದಲ್ಲಿದ್ದು, ಮಗು ಇಬ್ಬರ ಇನ್ಶೂರೆನ್ಸಿನಲ್ಲೂ ಇದ್ದರೆ ಇನ್ನೊಂದು ನಿಯಮ. ವರ್ಷದಲ್ಲಿ ಯಾರ ಹುಟ್ಟುಹಬ್ಬ ಮೊದಲು ಬರುತ್ತದೋ ಅವರ ಇನ್ಶೂರೆನ್ಸ್ ಸಾಮಾನ್ಯವಾಗಿ ಮೊದಲನೆಯದು, ಅಂದರೆ ಬಿಲ್ ಮೊದಲು ಅದಕ್ಕೆ ಹೋಗಬೇಕು. ಹುಟ್ಟಿದ ವರ್ಷ ಲೆಕ್ಕಕ್ಕಿಲ್ಲ, ತಿಂಗಳು ಮತ್ತು ದಿನ ಮಾತ್ರ. ಜಾತಕದಲ್ಲಿ ಬಿಟ್ಟುಹೋದದ್ದನ್ನು ಇಲ್ಲಿ ನೋಡುತ್ತಾರೆ. ಆ್ಯಪ್‌ನಲ್ಲಿ ಎರಡೂ ಕಾರ್ಡು ಹಾಕಿದರೆ ಸಾಲದು, ಯಾವುದು ಮೊದಲು ಅನ್ನುವುದೂ ಸರಿಯಿರಬೇಕು.

ಇದನ್ನೆಲ್ಲ ನೋಡಿಕೊಳ್ಳುವವರು ಯಾರು? ಪ್ರತಿ ಮನೆಯಲ್ಲೂ ಒಬ್ಬರು ಇರುತ್ತಾರೆ. ಸಂಬಳವಿಲ್ಲದ ಗುಮಾಸ್ತರು. ಹಿಂದೆ ಕೌಂಟರ್‌ನಲ್ಲಿ ಕೂತವರು ಕಾರ್ಡು ನೋಡಿ ಟೈಪ್ ಮಾಡಿಕೊಳ್ಳುತ್ತಿದ್ದ ಕೆಲಸ ಈಗ ಇವರ ಫೋನಿಗೆ ಬಂದಿದೆ. ಕೆಲಸ ಬಂತು, ಆದರೆ ಕೌಂಟರ್‌ನವರ ಕಂಪ್ಯೂಟರಿನಲ್ಲಿ ಕಾಣುವುದು ಇವರಿಗೆ ಕಾಣುವುದಿಲ್ಲ. ಕ್ಲೇಮ್ ಯಾಕೆ ವಾಪಸ್ಸು ಬಂತು ಅನ್ನುವುದಕ್ಕೆ ಅಲ್ಲಿ ಕೋಡ್ ಬರುತ್ತದೆ. ರೀಫಿಲ್, ಅಂದರೆ ಅದೇ ಮಾತ್ರೆಯನ್ನು ಮತ್ತೆ, ಬೇಗ ಕೇಳಿದರೆ ಒಂದು ಕೋಡ್, ಡಾಕ್ಟರ ಕಡೆಯಿಂದ ಮೊದಲೇ ಒಪ್ಪಿಗೆ ಬೇಕಿದ್ದರೆ ಇನ್ನೊಂದು, ಇನ್ಶೂರೆನ್ಸ್ ಮುಗಿದಿದ್ದರೆ ಮತ್ತೊಂದು. ನಮ್ಮ ಆ್ಯಪ್‌ನಲ್ಲಿ ಮಾತ್ರ "ತಡವಾಗಿದೆ, ಫಾರ್ಮಸಿಯನ್ನು ಸಂಪರ್ಕಿಸಿ". ಫೋನ್ ಮಾಡಿದರೆ ಕಾಯುವ ಸಂಗೀತ.

ಕೆಲಸ ಹೋದಾಗ ಆಫೀಸಿನ ಮೂಲಕ ಬಂದ ಇನ್ಶೂರೆನ್ಸೂ ನಿಲ್ಲುವುದರಿಂದ ಇದು ಇನ್ನೂ ಹಿಂಸೆ. ಎಚ್-1ಬಿ ಎಂಬ ಕೆಲಸದ ವೀಸಾ ಮೇಲಿರುವವರಿಗೆ ಇನ್ನೊಂದು ಕೆಲಸ ಹುಡುಕಲು 60 ದಿನದವರೆಗೆ ಸಮಯ ಸಿಗುತ್ತದೆ ಅನ್ನುವುದು ಎಲ್ಲರಿಗೂ ಗೊತ್ತು. ಹಳೇ ಇನ್ಶೂರೆನ್ಸನ್ನೇ ಪೂರ್ತಿ ದುಡ್ಡು ಕೊಟ್ಟು ಮುಂದುವರಿಸುವ ಕೋಬ್ರಾ ಸೌಲಭ್ಯವನ್ನು ಆರಿಸಿಕೊಳ್ಳಲೂ ಕನಿಷ್ಠ 60 ದಿನ ಇರುತ್ತದೆ. ಆರಿಸಿಕೊಂಡು ದುಡ್ಡು ಕಟ್ಟಿದರೆ ಇನ್ಶೂರೆನ್ಸ್ ನಿಂತ ದಿನದಿಂದಲೇ ಅದು ಲೆಕ್ಕಕ್ಕೆ ಬರುತ್ತದೆ. ಆದರೆ ನಡುವಿನ ದಿನಗಳಲ್ಲಿ ಫಾರ್ಮಸಿಯ ಕಂಪ್ಯೂಟರ್ ನಿಮ್ಮನ್ನು ಇನ್ಶೂರೆನ್ಸ್ ಇಲ್ಲದವರು ಅಂತಲೇ ಹೇಳುತ್ತದೆ. ಕೈಯಿಂದ ಕೊಟ್ಟ ದುಡ್ಡಿನ ರಸೀದಿ ಎಸೆಯಬೇಡಿ. ಬ್ಯಾಗಿಗೆ ಅಂಟಿಸಿರುವ ಔಷಧಿಯ ವಿವರದ ಚೀಟಿಯನ್ನೂ ಎತ್ತಿಡಿ. ಆಮೇಲೆ ಫಾರಂ ತುಂಬಿ ಕ್ಲೇಮ್ ಹಾಕಬಹುದು. ಇದನ್ನು ಹೇಳುವ ಒಂದು ಪುಟ ಯಾವ ಫಾರ್ಮಸಿ ಆ್ಯಪ್‌ನಲ್ಲೂ ನನ್ನ ಕಣ್ಣಿಗೆ ಬಿದ್ದಿಲ್ಲ.

ಊರಿನಿಂದ ಬರುವ ಅಪ್ಪ ಅಮ್ಮನ ವಿಷಯ ಬೇರೆ. ಅವರ ವಿಸಿಟರ್ ಇನ್ಶೂರೆನ್ಸ್ ಬಹುತೇಕ ದಿನನಿತ್ಯದ ಬಿಪಿ, ಶುಗರ್ ಮಾತ್ರೆಗೆ ಆಗುವುದಿಲ್ಲ. ಚೀಟಿಯ ಸಮೇತ ಊರಿನಿಂದಲೇ ತರಿಸಿ.

ಇನ್ನು ಔಷಧಿಗೆ ಡಿಸ್ಕೌಂಟ್ ಕೊಡುವ ಗುಡ್‌ಆರ್‌ಎಕ್ಸ್ ಥರದ ಆ್ಯಪ್‌ಗಳ ಕೂಪನ್‌ಗಳು. ಇವುಗಳ ಮೇಲೂ ಬಿನ್, ಪಿಸಿಎನ್ ಎಲ್ಲ ಇರುತ್ತದೆ. ನೋಡಿದರೆ ಇನ್ಶೂರೆನ್ಸ್ ಕಾರ್ಡೇ ಅನ್ನಿಸುತ್ತದೆ, ಆದರೆ ಅಲ್ಲ. ಕೆಲವು ಸಲ ಇನ್ಶೂರೆನ್ಸಿಗಿಂತ ಕಡಿಮೆ ಬೆಲೆ ಬರುತ್ತದೆ, ನಿಜ. ಆದರೆ ಹಾಗೆ ಕೊಟ್ಟ ದುಡ್ಡು ಸಾಮಾನ್ಯವಾಗಿ ನಿಮ್ಮ ಡಿಡಕ್ಟಿಬಲ್ ಲೆಕ್ಕಕ್ಕೆ ಸೇರುವುದಿಲ್ಲ. ಒಂದು ಸಲ ಬಳಸಿದ ಕೂಪನ್ ನಿಮ್ಮ ಫೈಲಿನಲ್ಲಿ ಉಳಿದುಕೊಂಡು ಮುಂದಿನ ರೀಫಿಲ್ಲಿಗೂ ಬಿಲ್ ಆಗಿಬಿಡಬಹುದು. ಇಂಥ ಆ್ಯಪ್‌ಗಳಿಗೆ ಏನು ಹೇಳುತ್ತೇವೆ ಅನ್ನುವುದರ ಮೇಲೂ ಕಣ್ಣಿರಲಿ. ಬಳಕೆದಾರರ ಆರೋಗ್ಯದ ಮಾಹಿತಿಯನ್ನು ಫೇಸ್‌ಬುಕ್, ಗೂಗಲ್ ಮುಂತಾದವರಿಗೆ ಹಂಚಿಕೊಂಡಿತು ಎಂದು ಗುಡ್‌ಆರ್‌ಎಕ್ಸ್ ಮೇಲೆ 2023ರಲ್ಲಿ ಫೆಡರಲ್ ಟ್ರೇಡ್ ಕಮಿಷನ್ ಕೇಸು ಹಾಕಿತು. ತಪ್ಪು ಒಪ್ಪಿಕೊಳ್ಳದೆಯೇ ಕಂಪನಿ 15 ಲಕ್ಷ ಡಾಲರ್ ದಂಡ ಕಟ್ಟಲು ಒಪ್ಪಿತು. ಇದನ್ನು ನಾನು ಫೇಸ್‌ಬುಕ್‌ನಲ್ಲೇ ಬರೆಯುತ್ತಿದ್ದೇನೆ, ಅದೂ ಒಂದು ತಮಾಷೆ.

ದೊಡ್ಡ ಕಂಪನಿಗಳ ಕೈಯಲ್ಲಾದರೂ ನಮ್ಮ ಮಾಹಿತಿ ಭದ್ರವಾಗಿದೆಯಾ? 2024ರ ಫೆಬ್ರವರಿಯಲ್ಲಿ ಚೇಂಜ್ ಹೆಲ್ತ್‌ಕೇರ್ ಮೇಲೆ ಸೈಬರ್ ದಾಳಿ ಆಯಿತು. ಫಾರ್ಮಸಿಯಿಂದ ಇನ್ಶೂರೆನ್ಸಿಗೆ ಕ್ಲೇಮ್ ಸಾಗಿಸುವ ದೊಡ್ಡ ದಾರಿ ಅದು. ಎಷ್ಟೋ ಕಡೆ ಕ್ಲೇಮ್ ಹೋಗದೆ ಜನ ಕೈಯಿಂದ ದುಡ್ಡು ಕೊಟ್ಟರು. ಸುಮಾರು 19 ಕೋಟಿ ಜನರ ಮಾಹಿತಿ ಇದರಲ್ಲಿ ಸಿಕ್ಕಿಕೊಂಡಿದೆ ಎಂದು ಅದರ ಮಾಲೀಕ ಕಂಪನಿ ಯುನೈಟೆಡ್‌ಹೆಲ್ತ್ 2025ರ ಜನವರಿಯಲ್ಲಿ ಹೇಳಿತು. ಹಾಗಂತ ಆ್ಯಪ್‌ನಲ್ಲಿ ಕಾರ್ಡು ಹಾಕಬೇಡಿ ಅನ್ನುತ್ತಿಲ್ಲ, ನಾನೂ ಹಾಕಿದ್ದೇನೆ. ಆದರೆ ಕಾರ್ಡಿನ ಫೋಟೊವನ್ನು ಫ್ಯಾಮಿಲಿ ವಾಟ್ಸಾಪ್ ಗ್ರೂಪಿಗೆ ಹಾಕುವ ಅಭ್ಯಾಸ ಮಾತ್ರ ಬಿಡಿ, ಪ್ಲೀಸ್.

ನಾನು ಕೇಳುವುದು ದೊಡ್ಡದೇನಲ್ಲ. ದುಡ್ಡು ಕೊಡಿ ಅನ್ನುವ ಬಟನ್ನಿನ ಮೇಲೆ ಒಂದೇ ಸಾಲು ಇರಲಿ: ಯಾವ ಕಾರ್ಡಿಗೆ ಬಿಲ್ ಆಗಿದೆ, ಇನ್ಶೂರೆನ್ಸ್ ಎಷ್ಟು ಕೊಟ್ಟಿತು, ಡಿಡಕ್ಟಿಬಲ್‌ಗೆ ಎಷ್ಟು ಹೋಯಿತು. ಈ ಲೆಕ್ಕ ಕ್ಲೇಮಿನ ಉತ್ತರದಲ್ಲೇ ಬಂದಿರುತ್ತದೆ. ಹೊಸದಾಗಿ ಕಂಡುಹಿಡಿಯಬೇಕಾಗಿಲ್ಲ, ತೋರಿಸಿದರೆ ಸಾಕು. ಹಾಗೆ ತೋರಿಸುವವರೆಗೆ, ಕೌಂಟರ್‌ನಲ್ಲಿ ದುಡ್ಡು ಕೊಡಲು ಕ್ರೆಡಿಟ್ ಕಾರ್ಡ್ ಉಜ್ಜುವ ಮೊದಲು "ಇದನ್ನು ಯಾವ ಇನ್ಶೂರೆನ್ಸಿಗೆ ಬಿಲ್ ಮಾಡಿದ್ದೀರಿ?" ಅಂತ ಕೇಳಿ. ಹಿಂದೆ ಕ್ಯೂ ಇದ್ದರೂ ಪರವಾಗಿಲ್ಲ. ನಿಮ್ಮ ಆ್ಯಪ್ ಇದನ್ನು ಈಗಾಗಲೇ ತೋರಿಸುತ್ತಿದ್ದರೆ ಸ್ಕ್ರೀನ್‌ಶಾಟ್ ಹಾಕಿ, ನೋಡೋಣ. ಮೆಂಬರ್ ಐಡಿ ಮುಚ್ಚಿ ಹಾಕಿ ಮತ್ತೆ!