ಡ್ರೈವರ್ ಹುಡುಕುವ ಮೊದಲು ಚಿಪ್ಪಿನ ಹೆಸರು ಓದಿ

ಸಾಗರದ ಮನೆಯಲ್ಲಿರುವ ಅಪ್ಪನ ಡೆಸ್ಕ್‌ಟಾಪ್ 2009ರದ್ದು. ಇಂಟೆಲ್ ಜಿ31 ಚಿಪ್‌ಸೆಟ್‌ನ ಮದರ್‌ಬೋರ್ಡ್. ಕ್ಯಾಬಿನೆಟ್ ಮಾತ್ರ ಅದಕ್ಕೂ ಹಿಂದಿನ ಕಂಪ್ಯೂಟರಿನದು. ಹಾರ್ಡ್ ಡಿಸ್ಕ್ ಕೆಟ್ಟದ್ದರಿಂದ ಈಚೆಗೆ ಎಸ್‌ಎಸ್‌ಡಿ ಹಾಕಿ ವಿಂಡೋಸ್ 10 ಅನ್ನು ಹೊಸದಾಗಿ ಇನ್‌ಸ್ಟಾಲ್ ಮಾಡಿದೆ (ಅದರ ಬೆಂಬಲವೂ 2025ರ ಅಕ್ಟೋಬರಿನಲ್ಲಿ ಮುಗಿದಿದೆ, ಆ ಮಾತು ಬೇರೆ). ಹಿಂಬದಿಯ ಹಸಿರು ಜ್ಯಾಕಿನಲ್ಲಿ ಸ್ಪೀಕರ್ ಹಾಡುತ್ತಿತ್ತು. ಅಪ್ಪ ರಾತ್ರಿ ತಾಳಮದ್ದಳೆ ಕೇಳುವ ಮುಂಬದಿಯ ಹೆಡ್‌ಫೋನ್ ಜ್ಯಾಕ್ ಮಾತ್ರ ಉಸಿರೆತ್ತಲಿಲ್ಲ.

ಆಡಿಯೊ ಡ್ರೈವರ್, ಅಂದರೆ ಧ್ವನಿಯ ಚಿಪ್ಪನ್ನು ವಿಂಡೋಸ್ ನಡೆಸಲು ಬೇಕಾದ ತಂತ್ರಾಂಶ, ಸಿಗುತ್ತದೇನೋ ಎಂದು ನೋಡಿದರೆ, ಬೋರ್ಡ್ ತಯಾರಿಸಿದ ಕಂಪನಿಯ ತಾಣದಲ್ಲಿ ಆ ಮಾದರಿಯ ಪುಟವೇ ಮಾಯವಾಗಿತ್ತು. ಕೆಲವು ನೂರು ಎಂಬಿಯ ಫೈಲೊಂದನ್ನು ಉಳಿಸಿಕೊಳ್ಳಲಾಗದಷ್ಟು ಬಡತನ ಆ ಕಂಪನಿಗಿದೆಯೆಂದು ನಾನು ನಂಬುವುದಿಲ್ಲ. ಆ ಖಾಲಿ ಜಾಗವನ್ನು ತುಂಬಲು ಬರುವುದು ‘ಡ್ರೈವರ್ ಅಪ್‌ಡೇಟರ್’ ಎಂಬ ಜಾತಿಯ ತಂತ್ರಾಂಶಗಳು. ನಾನು ಹಾಕಿ ನೋಡಿದ ಒಂದು, ಹತ್ತೊಂಬತ್ತು ಡ್ರೈವರ್‌ಗಳು ಹಳತಾಗಿವೆಯೆಂದು ಕೆಂಪು ಅಕ್ಷರದಲ್ಲಿ ಹೆದರಿಸಿ, ದುಡ್ಡು ಕೇಳಿ, ಬ್ರೌಸರಿನ ಮುಖಪುಟವನ್ನೂ ಬದಲಿಸಿತು. ಅವುಗಳ ಸಹವಾಸವೇ ಬೇಡವೆಂಬುದು ನನ್ನ ಖಚಿತ ಅಭಿಪ್ರಾಯ.

ಬೇಕಾದ ಮಾಹಿತಿ ಯಂತ್ರದೊಳಗೇ ಇರುತ್ತದೆ. ಡಿವೈಸ್ ಮ್ಯಾನೇಜರಿನಲ್ಲಿ ಆಡಿಯೊ ಸಾಧನದ ಪ್ರಾಪರ್ಟೀಸ್ ತೆರೆದು, ಡೀಟೇಲ್ಸ್‌ನಲ್ಲಿ ಹಾರ್ಡ್‌ವೇರ್ ಐಡಿ ನೋಡಿದರೆ ‘ವೆನ್’ ಪಕ್ಕದಲ್ಲಿ 10ಇಸಿ, ‘ಡೆವ್’ ಪಕ್ಕದಲ್ಲಿ 0662 ಎಂದಿತ್ತು. ಮೊದಲನೆಯದು ರಿಯಲ್‌ಟೆಕ್ ಸಂಸ್ಥೆಯ ಸಂಕೇತ, ಎರಡನೆಯದು ಎಎಲ್‌ಸಿ662 ಚಿಪ್ಪಿನದು. ನಂಬಿಕೆ ಸಾಲದೆ ಕ್ಯಾಬಿನೆಟ್ ಬಿಚ್ಚಿ, ಜ್ಯಾಕ್‌ಗಳ ಹತ್ತಿರದ ಧೂಳನ್ನು ಹಳೆಯ ಪೇಂಟ್ ಬ್ರಷ್ಷಿನಿಂದ ಸವರಿದಾಗ, ಉಗುರಿನಷ್ಟಗಲದ ಕರಿ ಚಿಪ್ಪಿನ ಮೇಲೆ ರಿಯಲ್‌ಟೆಕ್‌ನ ಏಡಿಯ ಗುರುತೂ ಅದೇ ಸಂಖ್ಯೆಯೂ ಕಂಡವು. ಹೆಸರು ಗೊತ್ತಾದ ಮೇಲೆ ಆ ಸಂಸ್ಥೆಯ ತಾಣದಲ್ಲೇ ಇದ್ದ ಹೈ ಡೆಫಿನಿಷನ್ ಆಡಿಯೊ ಡ್ರೈವರ್ ಸಾಕಾಯಿತು.

ಆದರೂ ಮುಂಬದಿಯ ಜ್ಯಾಕ್ ಮಾತಾಡಲಿಲ್ಲ. ಅದರ ಕಾರಣ ಡ್ರೈವರಿನಲ್ಲಿರದೆ ತಂತಿಯಲ್ಲಿತ್ತು. ಹಳೆಯ ಕ್ಯಾಬಿನೆಟ್ಟಿನ ತಂತಿ ಎಸಿ97 ಎಂಬ ಹಿಂದಿನ ಆಡಿಯೊ ಪದ್ಧತಿಯ ಕಾಲದ್ದು; 2004ರಲ್ಲಿ ಇಂಟೆಲ್ ತಂದ ಎಚ್‌ಡಿ ಆಡಿಯೊ ಪದ್ಧತಿಯಲ್ಲಿ ಜ್ಯಾಕಿಗೆ ಪಿನ್ ಚುಚ್ಚಿದ್ದನ್ನು ಬೋರ್ಡಿಗೆ ತಿಳಿಸುವ ಪ್ರತ್ಯೇಕ ಸಂಪರ್ಕವಿರುತ್ತದೆ, ಈ ತಂತಿಯಲ್ಲಿ ಅದಿಲ್ಲ. ಹಾಗಾಗಿ ಹೆಡ್‌ಫೋನ್ ಇದ್ದರೂ ಇಲ್ಲವೆಂದೇ ಕಂಪ್ಯೂಟರ್ ತಿಳಿದಿತ್ತು. ರಿಯಲ್‌ಟೆಕ್ ಆಡಿಯೊ ಮ್ಯಾನೇಜರಿನ ಬಲಮೇಲೆ, ಕಣ್ಣಿಗೆ ಬೀಳದಷ್ಟು ಚಿಕ್ಕದಾದ ಹಳದಿ ಫೋಲ್ಡರಿನ ಚಿತ್ರವಿದೆ. ಅದನ್ನು ಒತ್ತಿ, ಮುಂಬದಿ ಜ್ಯಾಕ್ ಪತ್ತೆಯನ್ನು ನಿಲ್ಲಿಸುವ ಆಯ್ಕೆಗೆ ಟಿಕ್ ಹಾಕಿದೊಡನೆ ಚೆಂಡೆಯ ಪೆಟ್ಟು ಕೇಳಿಸಿತು. 2009ರಲ್ಲಿ ಜೋಡಿಸಿಕೊಟ್ಟ ಹುಡುಗ ಇದನ್ನೇ ಮಾಡಿ, ಯಾರಿಗೂ ಹೇಳದೆ ಹೋಗಿದ್ದಿರಬೇಕು.

ಈ ಸಲ ಡ್ರೈವರಿನ ಫೈಲನ್ನು ಪೆನ್‌ಡ್ರೈವಿಗೆ ಹಾಕಿ, ಚಿಪ್ಪಿನ ಸಂಖ್ಯೆಯನ್ನೂ ಹಳದಿ ಫೋಲ್ಡರಿನ ಗುಟ್ಟನ್ನೂ ಚೀಟಿಯಲ್ಲಿ ಬರೆದು, ಎರಡನ್ನೂ ಕ್ಯಾಬಿನೆಟ್ಟಿನ ಪಕ್ಕದ ಮುಚ್ಚಳದ ಒಳಮೈಗೆ ಅಂಟಿಸಿದ್ದೇನೆ.