ನಮ್ಮ ಟೀವಿಯಲ್ಲಿ ಎಲ್ಲರೂ ಚೆನ್ನಾಗೇ ಆಡುತ್ತಾರೆ

"ನಿಮ್ಮ ಟೀವಿಯಲ್ಲಿ ಯಾರೂ ಕೆಟ್ಟದಾಗಿ ಆಡೋದೇ ಇಲ್ವಾ?" ಅಂತ ಕೇಪ್ ಟೌನಿನ ನಮ್ಮ ಪಕ್ಕದ ಮನೆಯ ಮುದುಕ ಕೇಳಿದಾಗ ನನ್ನ ಕೈಯಲ್ಲಿ ಪುಳಿಯೋಗರೆ ಡಬ್ಬಿ ಇತ್ತು. ಅವರ ಹಿತ್ತಲಲ್ಲಿ ಶನಿವಾರದ ಬ್ರಾಯ್, ಅಂದರೆ ಅಲ್ಲಿಯವರ ಕೆಂಡದ ಅಡುಗೆ. ಕೆಂಡದ ಮೇಲೆ ಅವರಿಗೆ ಮಾಂಸ, ಒಂದು ಮೂಲೆಯಲ್ಲಿ ನನಗೆ ಜೋಳದ ತೆನೆ. ಹಿಂದಿನ ವಾರ ನಮ್ಮ ಮನೆಗೆ ಬಂದು ಐಪಿಎಲ್ ನೋಡಿದ್ದರು. ಸೊನ್ನೆಗೆ ಔಟಾದವನನ್ನೂ ಪರಿಣತರು ಹೊಗಳಿದ್ದು ಅವರಿಗೆ ಮರೆತಿರಲಿಲ್ಲ. ನನಗೆ ಚುರುಕ್ಕೆಂದಿತು.

ಅವರ ಟೀವಿಯಲ್ಲಿ ರಗ್ಬಿ ಪರಿಣತ ನಿಕ್ ಮ್ಯಾಲೆಟ್. ಸೋತ ಆಟದ ತುಣುಕು ನಿಲ್ಲಿಸಿ, ಯಾರು ಎಲ್ಲಿ ನಿಲ್ಲಬೇಕಿತ್ತು, ಎಲ್ಲಿ ನಿದ್ದೆ ಹೊಡೆಯುತ್ತಿದ್ದ ಅಂತ ಮೇಷ್ಟರು ಉತ್ತರಪತ್ರಿಕೆ ತಿದ್ದಿದ ಹಾಗೆ ತೋರಿಸುತ್ತಿದ್ದರು. ಆ ಮಾತಿಗೆ ತೂಕವಿದೆ. 1997ರಿಂದ 2000ರವರೆಗೆ ದಕ್ಷಿಣ ಆಫ್ರಿಕಾ ರಗ್ಬಿ ತಂಡದ ಕೋಚ್ ಆಗಿದ್ದವರು. ಆ ತಂಡ ಸತತವಾಗಿ ಗೆದ್ದ 17 ಟೆಸ್ಟ್‌ಗಳಲ್ಲಿ (ರಗ್ಬಿಯಲ್ಲಿ ದೇಶ ದೇಶಗಳ ಪಂದ್ಯವೇ ಟೆಸ್ಟ್) ಮೊದಲನೆಯದೊಂದು ಬಿಟ್ಟು ಉಳಿದ 16 ಅವರ ಲೆಕ್ಕದವು. 1998ರಲ್ಲಿ ವೇಲ್ಸ್ ಮೇಲೆ 96-13! ಮರುವರ್ಷ ವಿಶ್ವಕಪ್ಪಿಗೆ ಮುಂಚೆ ನಾಯಕ ಟೈಕ್‌ಮನ್‌ರನ್ನೇ ಕೈಬಿಟ್ಟರು, ಸೆಮಿಫೈನಲ್ ಸೋತರು. ಈ ಮುದುಕ ಅದನ್ನು ಇನ್ನೂ ಕ್ಷಮಿಸಿಲ್ಲ.

ನನಗೆ ಹಿಡಿಸಿದ್ದು ಅದಕ್ಕಿಂತ ಬೇರೆ. 2000ರಲ್ಲಿ ಪಂದ್ಯದ ಟಿಕೆಟ್ ದರ ಅತಿಯಾಯಿತು ಅಂತ ಮ್ಯಾಲೆಟ್ ಬಾಯಿಬಿಟ್ಟರು. ಮಂಡಳಿ ಶಿಸ್ತುಕ್ರಮಕ್ಕೆ ಎಳೆಯಿತು, ಕೆಲಸ ಹೋಯಿತು. ಆ ಹೊತ್ತಿಗೆ ಸೋಲುಗಳೂ ಸೇರಿಕೊಂಡಿದ್ದವು ಅನ್ನಿ. ಆಮೇಲೆ ಪ್ಯಾರಿಸ್ಸಿನ ಸ್ಟಾಡ್ ಫ್ರಾನ್ಸೇ ಕ್ಲಬ್ಬಿಗೆ 2003, 2004ರಲ್ಲಿ ಪ್ರಶಸ್ತಿ, ಮುಂದೆ ಇಟಲಿಗೆ ತರಬೇತಿ, ಕೊನೆಗೆ ಟೀವಿ. ಬಾಯಿ ಮಾತ್ರ ಹಳೆಯದೇ.

ರಾತ್ರಿ ದಾವಣಗೆರೆಗೆ ಫೋನ್ ಮಾಡಿ ಸೋದರಮಾವನಿಗೆ ಇದನ್ನೆಲ್ಲ ಹೇಳಿದೆ. "ಕುಂಬ್ಳೆ ನೋಡೋ. 2017ರಲ್ಲಿ ಭಾರತ ತಂಡದ ಕೋಚ್ ಕೆಲಸ ಬಿಟ್ಟಾಗ ಒಂದು ಪತ್ರ ಬರೆದಿಟ್ಟು ಹೊರಟ. ಅದರಾಚೆ ಮನೆ ಜಗಳ ಬೀದಿಗೆ ತರಲಿಲ್ಲ" ಎಂದರು. ಅದೇ ಮಾವ, ನಮ್ಮೂರ ದೇವಸ್ಥಾನದ ಹುಂಡಿ ಲೆಕ್ಕ ಯಾರೂ ಕೇಳೋದಿಲ್ಲ ಅಂತ ಹತ್ತು ವರ್ಷದಿಂದ ನನ್ನೊಬ್ಬನ ಹತ್ತಿರ ಗೊಣಗುತ್ತಿದ್ದಾರೆ. ಇದಕ್ಕೇ ನನಗೆ ರೇಗುವುದು.

ಆದರೆ ಒಂದು ಸಂಗತಿ ಮುಚ್ಚಿಟ್ಟರೆ ತಪ್ಪಾಗುತ್ತದೆ. 2018ರ ಮೇನಲ್ಲಿ, ಮ್ಯಾಲೆಟ್ ಮಾತಾಡುತ್ತಿದ್ದ ವಾಹಿನಿಯ ನೇರಪ್ರಸಾರದಲ್ಲಿ, ಹಿಂದೆ ದೇಶಕ್ಕೆ ಆಡಿದ್ದ ಅಶ್ವಿನ್ ವಿಲೆಮ್ಸೆ (ಹೆಸರು ಕೇಳಿದರೆ ನಮ್ಮವನೇ ಅನಿಸುತ್ತೆ, ಆದರೆ ಅಲ್ಲ) ಮ್ಯಾಲೆಟ್ ಮತ್ತು ಅವರಂತೆಯೇ ಬಿಳಿಯರಾದ ಮಾಜಿ ಆಟಗಾರ ನಾಸ್ ಬೋಥಾ ತನ್ನನ್ನು ಕೀಳಾಗಿ ಕಾಣುತ್ತಾರೆ ಅಂದು ಎದ್ದು ನಡೆದರು. ವರ್ಣಭೇದದ ಕಾಲದಲ್ಲಿ ಹುಟ್ಟಿದ, ಬಿಳಿಯರಲ್ಲದ ಆಟಗಾರ. ವಾಹಿನಿ ನೇಮಿಸಿದ ವಕೀಲರು ವಿಚಾರಣೆ ಮಾಡಿ ಅದರಲ್ಲಿ ಜನಾಂಗದ್ವೇಷ ಇರಲಿಲ್ಲ ಎಂದರು.

ಮುಂದಿನ ಶನಿವಾರ ಆ ಸಂಜೆಯ ಬಗ್ಗೆ ಮುದುಕನನ್ನು ಕೇಳಿದೆ. ಇಕ್ಕಳದಲ್ಲಿ ನನ್ನ ತೆನೆ ಹೊರಳಿಸುತ್ತಾ, "ಉಪ್ಪು ಸಾಕಾ?" ಅಂದರು.